ಅಟ್ಟದ ಮೇಲಿನ ಗಂಟು ಬಿಚ್ಚಿ

ಬಳಗದ ಬಂಧುಗಳೇ,

ಸೂಟಿ ಬಿದ್ದೊಡನೆ ನಮ್ಮಲ್ಲಿ ಅನೇಕರು ವಿಜಯಪುರ, ಬಾಗಲಕೋಟೆ, ಬೆಳಗಾವಿಯ ದಾರಿ ಹಿಡಿಯುತ್ತೀರಿ. ಊರ ಮನೆಯ ಅಟ್ಟದ ಮೇಲೆ ಅಜ್ಜ ಕಟ್ಟಿಟ್ಟ ಪುಸ್ತಕದ ಗಂಟು ಇದ್ದರೆ ಈ ಸಲ ಬಿಚ್ಚಿ, ಪುಟಗಳ ಚಿತ್ರವನ್ನು ಫೋನಿನಲ್ಲಿ ತೆಗೆಯಿರಿ. ಪರದೆಯ ಮೇಲೆಯೇ ಓದಿ ಬೆಳೆಯುವ ಮಕ್ಕಳ ಪಾಲಿಗೆ, ಪರದೆಗೆ ಏರದ ಪುಸ್ತಕ ಇಲ್ಲದ ಪುಸ್ತಕವೇ. ದೊಡ್ಡ ಗ್ರಂಥಗಳನ್ನು ಯಾರಾದರೂ ಏರಿಸಿಯಾರು; ಜಾತ್ರೆಯಲ್ಲಿ ಮಾರುತ್ತಿದ್ದ ಪಾರಿಜಾತದ ಹಾಡು, ಗೀಗೀ ಪದ, ಭಜನೆಯ ಸಣ್ಣ ಹೊತ್ತಿಗೆಗಳಿಗೆ ನೀವೇ ದಿಕ್ಕು.

ಮೊದಲು ಹಕ್ಕಿನ ಮಾತು. ಭಾರತದಲ್ಲಿ ಲೇಖಕರು ತೀರಿಕೊಂಡ ಮರುವರ್ಷದಿಂದ 60 ವರ್ಷ ಹಕ್ಕುಸ್ವಾಮ್ಯ ಇರುತ್ತದೆ. ಮನೆ ಮಾರಿ ವಿಜಯಪುರದಲ್ಲಿ ಹಿತಚಿಂತಕ ಮುದ್ರಣಾಲಯ ತೆರೆದ ಫ.ಗು. ಹಳಕಟ್ಟಿಯವರು ತೀರಿಕೊಂಡದ್ದು 1964ರಲ್ಲಿ. ಅವರು ಬದುಕಿದ್ದಾಗ ಅಚ್ಚಾದ ಅವರ ಬರಹ 2025ರ ಜನವರಿ 1ರಿಂದ ಎಲ್ಲರ ಸೊತ್ತು. ಹಕ್ಕು ಮುಗಿಯದ ಪುಸ್ತಕವಾದರೆ ವಾರಸುದಾರರ ಒಪ್ಪಿಗೆಯನ್ನು ಬರಹದಲ್ಲೇ ಪಡೆಯಿರಿ.

ಹಳೆಯ ಕಾಗದ ಸುಟ್ಟ ಹಪ್ಪಳದ ಹಾಗೆ. ಪೂರ್ತಿ ಬಿಚ್ಚಿ ಒತ್ತಿದರೆ ಬೆನ್ನು ಬಿರಿಯುತ್ತದೆ. 90 ಡಿಗ್ರಿಯಷ್ಟೇ ತೆರೆದು, ನಿಂತ ಬದಿಗೆ ಆಸರೆ ಕೊಡಿ. ಕಿಟಕಿಯ ಬೆಳಕು ಸಾಕು, ಫ್ಲ್ಯಾಶ್ ಬೇಡ. ತೆಳು ಹಾಳೆಯ ಹಿಂದೆ ಕಪ್ಪು ಕಾಗದವಿಟ್ಟರೆ ಆಚೆ ಬದಿಯ ಅಕ್ಷರ ಇಣುಕುವುದಿಲ್ಲ. ಒಂದು ಚಿತ್ರಕ್ಕೆ ಒಂದೇ ಪುಟ. ಎಂಟೂವರೆ ಇಂಚು ಎತ್ತರದ ಪುಟ 12 ಮೆಗಾಪಿಕ್ಸೆಲ್ ಫೋನಿನ ಚೌಕಟ್ಟು ತುಂಬಿದರೆ ಇಂಚಿಗೆ 400 ಚುಕ್ಕೆ ದಾಟುತ್ತದೆ. ಅಕ್ಷರ ಗುರುತಿಸುವ ತಂತ್ರಾಂಶಕ್ಕೆ 300 ಸಾಕು. ಎರಡು ಪುಟ ಕೂಡಿಸಿ ಹಿಡಿದರೆ ನಡುಮಡಿಕೆಯಲ್ಲಿ ಸಾಲು ಬಾಗಿ ಅಕ್ಷರ ಕೆಡುತ್ತವೆ. ಬಲಪುಟಗಳೆಲ್ಲ ಮೊದಲು, ಎಡಪುಟಗಳೆಲ್ಲ ಆಮೇಲೆ. ಎರಡರ ಎಣಿಕೆ ತಾಳೆಯಾಗದಿದ್ದರೆ ಎಲ್ಲೋ ಜೋಡಿ ಹಾಳೆ ತಿರುವಿದ್ದೀರಿ. ಮುದ್ರಣಾಲಯದ ಹೆಸರು, ವರ್ಷ, ಬೆಲೆ ಇದ್ದ ಪುಟ ಬಿಡಲೇಬೇಡಿ. ಹರಿದಲ್ಲಿ ಸೆಲೋಟೇಪು ಹಚ್ಚಬಾರದು, ಅದರ ಅಂಟು ಕಂದಾಗಿ ಕಾಗದಕ್ಕಿಳಿಯುತ್ತದೆ. ವಾಟ್ಸಾಪಿನಲ್ಲಿ ಕಳಿಸುವುದಾದರೆ ಡಾಕ್ಯುಮೆಂಟ್ ಆಗಿ ಕಳಿಸಿ. ಫೋಟೊ ಆಗಿ ಕಳಿಸಿದರೆ ಅದು ಚಿತ್ರವನ್ನು ಕುಗ್ಗಿಸಿಬಿಡುತ್ತದೆ.

ಇಷ್ಟಾದರೂ ಅರ್ಧ ಕೆಲಸವೇ. ಹುಡುಕಲು, ಅಕ್ಷರ ಹಿಗ್ಗಿಸಲು, ಕಣ್ಣು ಕಾಣದವರಿಗೆ ಫೋನು ಓದಿ ಹೇಳಲು ಪುಟದ ಚಿತ್ರ ಯೂನಿಕೋಡ್ ಪಠ್ಯ, ಅಂದರೆ ಯಂತ್ರ ಅಕ್ಷರವಾಗಿಯೇ ಓದಬಲ್ಲ ಬರಹ, ಆಗಬೇಕು. ತಂತ್ರಾಂಶ ಎಡವುವುದು ಇಲ್ಲೇ. ಅರ್ಕಾವತ್ತನ್ನು ಒಂಬತ್ತೆಂದು ತಿಳಿದು ‘ಧರ್ಮ’ವನ್ನು ‘ಧಮ೯’ ಮಾಡುತ್ತದೆ. ಓದುವಾಗ ಕಣ್ಣು ಜಾರಿ ಹೋದೀತು, ಹುಡುಕಿದರೆ ಮಾತ್ರ ಆ ಪದ ಸಿಗದು. ಸವೆದ ಅಚ್ಚಿನ ಮೊಳೆಯಲ್ಲಿ ಮಹಾಪ್ರಾಣದ ಸೀಳು ಮೂಡದೆ ‘ಧನ’ ಹೋಗಿ ‘ದನ’ ಆಗುತ್ತದೆ. ಎರಡೂ ಸರಿಯಾದ ಶಬ್ದಗಳೇ ಆದ್ದರಿಂದ ಕಾಗುಣಿತ ನೋಡುವ ಯಂತ್ರಕ್ಕೆ ತಪ್ಪು ತಿಳಿಯುವುದಿಲ್ಲ, ಅರ್ಥ ಬಲ್ಲವರೇ ಹಿಡಿಯಬೇಕು.

ಈ ತಿದ್ದುವ ಕೆಲಸಕ್ಕೆ ನಮ್ಮ ಹಿರಿಯರಿಗಿಂತ ಯೋಗ್ಯರಿಲ್ಲ, ಅದಕ್ಕೆ ಊರಿಗೆ ಹೋಗಬೇಕಾಗಿಯೂ ಇಲ್ಲ. ಹಕ್ಕು ಮುಗಿದ ಪುಸ್ತಕವಾದರೆ ಯಾರು ಬೇಕಾದರೂ ತಿದ್ದಬಹುದಾದ ಪುಸ್ತಕತಾಣ ಕನ್ನಡ ವಿಕಿಸೋರ್ಸ್‌ನಲ್ಲಿ ಚಿತ್ರ, ಪಠ್ಯ ಅಕ್ಕಪಕ್ಕದಲ್ಲೇ ತೆರೆಯುತ್ತವೆ. ಒಬ್ಬರು ತಿದ್ದಿದ ಪುಟ ಹಳದಿ; ಮತ್ತೊಬ್ಬರು ನೋಡಿ ಒಪ್ಪಿದರೆ ಹಸಿರು. ಇಬ್ಬರು ಕೂಡಿ ವಾರಕ್ಕೆ 10 ಪುಟ ಹಿಡಿದರೆ 60 ಪುಟದ ಹಾಡಿನ ಹೊತ್ತಿಗೆ ಆರು ವಾರದಲ್ಲಿ ಹಸಿರಾಗುತ್ತದೆ.