ಔಟಾಗಿ ಬಂದವನಿಗೂ ಚಪ್ಪಾಳೆ: ಒಂದು ತಡವಾದ ಥ್ಯಾಂಕ್ಸ್

ಹೋದ ವಾರ ನನ್ನ ಕೆಲಸ ಪರ್ಮನೆಂಟ್ ಆಯಿತು. ನಲವತ್ತೊಂದನೇ ವಯಸ್ಸಿಗೆ! ಫೋನ್ ಮಾಡಿದವರಿಗೆಲ್ಲ ಥ್ಯಾಂಕ್ಸ್ ಹೇಳಿದ್ದಾಗಿದೆ. ಒಬ್ಬರಿಗೆ ಮಾತ್ರ ಬಾಕಿ. ಅವರಿಗೆ ನಾನು ಯಾರೆಂದೇ ಗೊತ್ತಿಲ್ಲ, ಕನ್ನಡವಂತೂ ಬರುವುದಿಲ್ಲ. ಡ್ರೂ ಮ್ಯಾಗಿ, ಬೇಸ್‌ಬಾಲ್ ಆಟಗಾರ. (ಹೌದು, ಸ್ಪೆಲ್ಲಿಂಗ್ ನೂಡಲ್ಸ್‌ನದ್ದೇ. ನನ್ನ ಹೆಂಡತಿಯೂ ಮೊದಲು ನಕ್ಕಳು.)

2023ರ ಏಪ್ರಿಲ್. ಅಮೆರಿಕದ ಪಿಟ್ಸ್‌ಬರ್ಗ್‌ನಲ್ಲಿದ್ದೆವು. ಕನ್ಸಲ್ಟೆನ್ಸಿಯವರು ಪ್ರಾಜೆಕ್ಟ್ ಮುಗಿಯಿತು ಎಂದು ಒಂದೇ ಫೋನಿನಲ್ಲಿ ಕೈ ತೊಳೆದುಕೊಂಡಿದ್ದರು. ಎಚ್-1ಬಿ ಎಂಬ ಕೆಲಸದ ವೀಸಾ ಮೇಲಿರುವವರಿಗೆ ಗೊತ್ತು, ಕೆಲಸ ಹೋದರೆ 60 ದಿನ, ಅಷ್ಟರಲ್ಲಿ ಇನ್ನೊಂದು ಸಿಗದಿದ್ದರೆ ಗಂಟುಮೂಟೆ ಕಟ್ಟಬೇಕು. ಬೇಸ್‌ಬಾಲ್‌ನಲ್ಲೂ ಅದೇ ವರ್ಷ ಗಡಿಯಾರ ಬಂದಿತ್ತು, ಚೆಂಡೆಸೆಯಲು ಇಷ್ಟೇ ಸೆಕೆಂಡು ಅಂತ. ನನ್ನದು ಅಡುಗೆಮನೆ ಕ್ಯಾಲೆಂಡರ್‌ನಲ್ಲಿ ಓಡುತ್ತಿತ್ತು.

ಪಕ್ಕದ ಮನೆಯ ಅಜ್ಜನಿಗೆ ಊರಿನ ಬೇಸ್‌ಬಾಲ್ ತಂಡ ಪೈರೇಟ್ಸ್ ಎಂದರೆ ಪ್ರಾಣ. 26ನೇ ತಾರೀಖು ಬಂದು, ಮನೆಯಲ್ಲಿ ಕೂತು ಕೊರಗಬೇಡ, ಟಿಕೆಟ್ ಒಂದು ಹೆಚ್ಚಿದೆ ಎಂದು ಸ್ಟೇಡಿಯಂಗೆ ಎಬ್ಬಿಸಿಕೊಂಡು ಹೋದರು. ಪೆನ್ ಹಿಲ್ಸ್ ದೇವಸ್ಥಾನದಿಂದ ತಂದಿದ್ದ ಪುಳಿಯೋಗರೆ ಚೀಲದಲ್ಲಿತ್ತು. ಆ ಸ್ಟೇಡಿಯಂನಲ್ಲಿ ಹೊರಗಿನ ತಿಂಡಿ ಬಿಡುತ್ತಾರೆ, ನಮ್ಮ ಚಿನ್ನಸ್ವಾಮಿಯ ತರಹ ಅಲ್ಲ.

ಅಜ್ಜ ಹಳೆಯ ಗ್ಲೌಸ್ ಒಂದನ್ನು ತಂದಿದ್ದರು, ಗ್ಯಾಲರಿಗೆ ಬಂದ ಚೆಂಡು ಹಿಡಿಯುವುದಕ್ಕೆ. ಅದರೊಳಗೆ ನನ್ನ ಕೈ ತೂರಿಸಿ ಪಾಠ ಶುರು ಮಾಡಿದರು. ಸೆಕೆಂಡ್ ಬೇಸ್ ಹತ್ತಿರ ಫೀಲ್ಡಿಂಗ್ ಮಾಡುವವನ ಗ್ಲೌಸ್ ಚಿಕ್ಕದು, ಹೊಂಡ ಆಳ ಇರಬಾರದು, ಚೆಂಡು ಬಿದ್ದ ತಕ್ಷಣ ತೆಗೆದು ಎಸೆಯಬೇಕಲ್ಲ. ಥರ್ಡ್ ಬೇಸ್ ಕಡೆ ಚೆಂಡು ಗುಂಡಿನಂತೆ ಬರುತ್ತದೆ, ಅಲ್ಲಿ ದೊಡ್ಡದು ಬೇಕು. ಯುಟಿಲಿಟಿ ಇನ್‌ಫೀಲ್ಡರ್ ಎಂದರೆ ಈ ಎಲ್ಲ ಜಾಗದಲ್ಲೂ ಆಡಬೇಕಾದವನು. ಬ್ಯಾಗಿನಲ್ಲಿ ಮೂರ್ನಾಲ್ಕು ಗ್ಲೌಸ್ ಹೊತ್ತು ಓಡಾಡುತ್ತಾನೆ, ಸುಮಾರು ದಿನ ಒಂದನ್ನೂ ತೆಗೆಯದೆ ಬೆಂಚಿನಲ್ಲೇ ಕೂತು ಮನೆಗೆ ಹೋಗುತ್ತಾನೆ.

ನನ್ನ ರೆಸ್ಯೂಮೆಯೇ ಕಣ್ಣಮುಂದೆ ಬಂತು. ಟೆಸ್ಟಿಂಗ್, ಸಪೋರ್ಟ್, ಡೇಟಾಬೇಸ್. ಯಾರು ರಜೆ ಹಾಕಿದರೂ ಅವರ ಜಾಗಕ್ಕೆ ನಾನು. ಬೆಂಚ್ ಎಂಬ ಪದವನ್ನಂತೂ ಬೆಂಗಳೂರಿನವನಿಗೆ ಯಾರೂ ಹೇಳಿಕೊಡಬೇಕಿಲ್ಲ, ಐಟಿಯಲ್ಲಿ ಪ್ರಾಜೆಕ್ಟ್ ಇಲ್ಲದೆ ಕೂರುವುದಕ್ಕೂ ಅದೇ ಹೆಸರು.

ಮ್ಯಾಗಿಯೂ ಅಂಥ ಯುಟಿಲಿಟಿ ಆಟಗಾರರೇ, ಅವರ ಕಥೆಯನ್ನೂ ಅಜ್ಜನೇ ಹೇಳಿದರು. ಪೈರೇಟ್ಸ್ ಅವರನ್ನು ಆರಿಸಿಕೊಂಡದ್ದು 2010ರಲ್ಲಿ, ಹೊಸಬರನ್ನು ಆರಿಸುವ ಡ್ರಾಫ್ಟ್‌ನ 15ನೇ ಸುತ್ತಿನಲ್ಲಿ. ಆಮೇಲೆ 13 ಸೀಸನ್ ಕೆಳಗಿನ ಲೀಗ್‌ಗಳಲ್ಲೇ, ಊರೂರು, ತಂಡ ತಂಡ ಬದಲಾಯಿಸುತ್ತ 1,155 ಪಂದ್ಯ. 2021ರಲ್ಲಿ ಮಿನ್ನೆಸೋಟ ತಂಡ ಮೇಲಕ್ಕೆ ಕರೆಯಿತು. ಯೂನಿಫಾರ್ಮ್ ಹಾಕಿ ಕೂತರು, ಒಂದು ಚೆಂಡನ್ನೂ ಆಡದೆ ವಾಪಸ್. ಇದು ಕೇಳಿ ನನಗೆ ನಿಜವಾಗಿ ಹೊಟ್ಟೆ ಉರಿಯಿತು. ದುಡ್ಡಾದರೂ ಇತ್ತಾ? ಮ್ಯಾಗಿ ಆಡುತ್ತಿದ್ದ ಡಬಲ್-ಎ ಲೀಗ್‌ನಲ್ಲಿ ವರ್ಷಕ್ಕೆ ಕನಿಷ್ಠ 13,800 ಡಾಲರ್ ಇತ್ತು. ಆಟಗಾರರು ಸಂಘ ಕಟ್ಟಿಕೊಂಡ ಮೇಲೆ, 2023ರ ಮಾರ್ಚ್ ಕೊನೆಯ ಒಪ್ಪಂದದಲ್ಲಿ 30,250 ಆಯಿತು. ಎಲ್ಲಕ್ಕಿಂತ ಮೇಲಿನ ಮೇಜರ್ ಲೀಗ್‌ನಲ್ಲಿ ಆಗ ಕನಿಷ್ಠವೇ 7,20,000 ಇತ್ತು!

ಪೈರೇಟ್ಸ್ ಆಟಗಾರ ಬ್ರಯನ್ ರೆನಾಲ್ಡ್ಸ್ ಮನೆಯ ದುಃಖಕ್ಕೆಂದು ರಜೆಯಲ್ಲಿದ್ದರು. ಹಾಗಾಗಿ ಒಂದು ಜಾಗ ಖಾಲಿಯಾಗಿ, 33ನೇ ವಯಸ್ಸಿನ ಮ್ಯಾಗಿಗೆ ಕರೆ ಬಂದಿತ್ತು. ಎಂಟನೇ ಇನ್ನಿಂಗ್ಸ್. ತಂಡದ ಆಂಡ್ರ್ಯೂ ಮಕಚನ್ ಬದಲು ಮ್ಯಾಗಿ ಬ್ಯಾಟ್ ಹಿಡಿದು ಹೊರಬಂದರು. ಗ್ಯಾಲರಿ ಎದ್ದು ನಿಂತಿತು. ಇನ್ನೂ ಏನೂ ಮಾಡಿಲ್ಲ, ಚೆಂಡೇ ಬಂದಿಲ್ಲ, ಅಜ್ಜ ಮೊಣಕಾಲು ನೋವು ಮರೆತು ಕೂಗುತ್ತಿದ್ದಾರೆ, ಸುತ್ತಲೂ 'ಡ್ರೂ ಮ್ಯಾಗಿ, ಡ್ರೂ ಮ್ಯಾಗಿ' ಅಂತ ಗದ್ದಲ, ಪುಳಿಯೋಗರೆ ಡಬ್ಬಿ ಕಂಕುಳಲ್ಲಿ ಇಟ್ಟುಕೊಂಡು ನಾನೂ ಕೂಗುತ್ತಿದ್ದೇನೆ.

ಸ್ಟ್ರೈಕ್‌ಔಟ್.

ಕ್ರಿಕೆಟ್ ನೋಡಿ ಬೆಳೆದವನು ನಾನು, ಸೊನ್ನೆಗೆ ಔಟಾದರೆ ಬೈಗುಳ ಗ್ಯಾರಂಟಿ ಅಲ್ವಾ? ಇಲ್ಲಿ ತಲೆ ತಗ್ಗಿಸಿ ಬರುತ್ತಿದ್ದವರಿಗೂ ಚಪ್ಪಾಳೆ. ನನಗೆ ಯಾಕೋ ಕಣ್ಣು ತುಂಬಿತು. ಪುಳಿಯೋಗರೆ ಖಾರ ಎಂದು ಅಜ್ಜನಿಗೆ ಸುಳ್ಳು ಹೇಳಿದೆ.

ಮೂರು ದಿನದ ಮೇಲೆ ವಾಷಿಂಗ್ಟನ್‌ನಲ್ಲಿ ಮ್ಯಾಗಿ ಮೊದಲ ಹಿಟ್ ಹೊಡೆದರು. ನನಗೆ ಕೆಲಸ ಸಿಕ್ಕಿದ್ದು 52ನೇ ದಿನ, ಅದೂ ಮತ್ತೆ ಕಾಂಟ್ರಾಕ್ಟೇ. ಅದಕ್ಕೆ ಮೊದಲು ಏಳು ಇಂಟರ್‌ವ್ಯೂಗಳಲ್ಲಿ ಔಟ್. ಪ್ರತಿ ಸಲವೂ ಹೆಂಡತಿ ಏನೂ ಕೇಳದೆ ಕಾಫಿ ಮಾಡಿ ಎದುರಿಗೆ ಕೂರುತ್ತಿದ್ದಳು. ಕನ್ನಡ ಸಂಘದ ಗೆಳೆಯರು ಸುಮ್ನೆ ರೆಸ್ಯೂಮೆ ಕಳಿಸುತ್ತಲೇ ಇದ್ದರು, ಹಿಂದಿನದು ಏನಾಯಿತು ಎಂದು ಒಬ್ಬರೂ ಕೇಳಲಿಲ್ಲ. ನಿಮಗೆಲ್ಲ ಥ್ಯಾಂಕ್ಸ್ ಹೇಳಿದ್ದು ಕೆಲಸ ಪರ್ಮನೆಂಟ್ ಆಗಿದ್ದಕ್ಕಲ್ಲ, ಆ ಏಳಕ್ಕೆ.

ಮ್ಯಾಗಿಯವರೇ, ನಿಮಗೂ. ಅಜ್ಜಾ, ಮುಂದಿನ ಪಂದ್ಯದ ಟಿಕೆಟ್ ನನ್ನದು. ಪುಳಿಯೋಗರೆಗೆ ಈ ಸಲ ಮೆಣಸಿನಕಾಯಿ ಕಮ್ಮಿ ಹಾಕಿಸುತ್ತೇನೆ.