ಬೇಯಿಸಿದ ಮಾತ್ರಕ್ಕೆ ವಿಷ ಹೋಗಲ್ಲ

ಮಾನ್ಯ ಸಂಪಾದಕರೇ,

ಕುಂಡದ ಮಣ್ಣು ಬದಲಾಯಿಸೋಣ ಅಂತ ಮೊನ್ನೆ ಅಗ್ನಿಶಿಖೆ ಬಳ್ಳಿಯ ಗೆಡ್ಡೆ ಅಗೆದು ತೊಳೆದು ಬುಟ್ಟೀಲಿ ಒಣಗೋಕೆ ಇಟ್ಟಿದ್ದೆ, ಕೈ ತೊಳ್ಕೊಂಡು ಒಳಗೆ ಬರೋಷ್ಟರಲ್ಲಿ ನಮ್ಮತ್ತೆ ಅದನ್ನ ಗೆಣಸು ಅಂದ್ಕೊಂಡು ಎರಡರ ಸಿಪ್ಪೆ ಕೆರೆದೂ ಆಗಿತ್ತು. ಗಾಬರಿಯಿಂದ ಕಿತ್ಕೊಂಡ್ರೆ "ಬೇಯಿಸಿದ್ರೆ ಏನೂ ಆಗಲ್ಲ ಬಿಡು" ಅಂದ್ರು. ಎಷ್ಟೋ ಜನ ಹೀಗೇ ನಂಬಿದಾರೆ, ಅದಕ್ಕೇ ಬರೀತಿದೀನಿ.

ಅಗ್ನಿಶಿಖೆ ಗೆಡ್ಡೇಲಿರೋ ಕಾಲ್ಚಿಸಿನ್ ಅನ್ನೋ ವಿಷ ಬೇಯಿಸಿದ್ರೂ ಹೋಗಲ್ಲ. ತಿಂದ ಕೂಡ್ಲೇ ಏನೂ ಗೊತ್ತಾಗಲ್ಲ, ಸಾಮಾನ್ಯವಾಗಿ 2ರಿಂದ 12 ಗಂಟೆ ಆದ್ಮೇಲೆ ವಾಂತಿ ಭೇದಿ ಶುರುವಾಗುತ್ತೆ, ಊಟ ಹಿಡಿಸಿಲ್ಲ ಅಂತ ಮನೇಲೇ ಮಲಗಿಬಿಟ್ರೆ ಮುಂದಿನ ದಿನಗಳಲ್ಲಿ ಕಿಡ್ನಿ, ಲಿವರ್, ಮೂಳೆ ಮಜ್ಜೆಗೂ ಪೆಟ್ಟು ಬಿದ್ದು ಜೀವಕ್ಕೇ ಸಂಚಕಾರ. ನೋಡೋಕೆ ಕಂದು ಸಿಪ್ಪೆ, ಒಳಗೆ ಬೆಳ್ಳಗೆ, ನೇಗಿಲಿನ ಥರ ಎರಡು ಕವಲು, ಸಂಸ್ಕೃತದಲ್ಲಿ ಲಾಂಗಲಿ ಅನ್ನೋದೂ ಅದಕ್ಕೇ. ಆದ್ರೆ ತುಂಡು ಮಾಡಿಟ್ರೆ ಆ ಗುರುತೂ ಸಿಗಲ್ಲ.

ಹಾಗಂತ ಹೂಗಿಡದ ಗೆಡ್ಡೆ ಎಲ್ಲಾ ವಿಷ ಅಲ್ಲ. ಡೇಲಿಯಾ ಗೆಡ್ಡೆ ಅದರ ತವರು ಮೆಕ್ಸಿಕೋದಲ್ಲಿ ಹಿಂದಿನಿಂದ್ಲೂ ತಿಂತಾರೆ, ಅದರಲ್ಲಿರೋ ಇನ್ಯುಲಿನ್ ಅನ್ನೋ ನಾರಿನಂಶ ಕೆಲವರಿಗೆ ಗ್ಯಾಸ್ ಮಾಡುತ್ತೆ ಅಷ್ಟೇ. ಅಂದಕ್ಕೆ ಬೆಳೆಸೋ ಬಣ್ಣದೆಲೆ ಗೆಣಸಿನ ಬಳ್ಳೀನೂ ಗೆಣಸೇ, ರುಚಿ ಮಾತ್ರ ಅಷ್ಟಕ್ಕಷ್ಟೆ. ಆದ್ರೆ ನರ್ಸರಿಯಿಂದ ತಂದ ಗೆಡ್ಡೆಗೆ ಕೊಳೆಯದಿರಲಿ ಅಂತ ಶಿಲೀಂಧ್ರನಾಶಕ ಹಾಕಿರಬಹುದು, ಬೇರಿಂದ ಮೇಲೇರೋ ಕೀಟನಾಶಕ ಕೊಟ್ಟಿರಬಹುದು, ಯಾಕಂದ್ರೆ ಅವರು ಅದನ್ನ ಮಾರೋದು ಹೂವಿಗೆ, ತಿನ್ನೋಕಲ್ಲ. ಸಿಪ್ಪೆ ತೆಗೆದ್ರೂ ಒಳಗೆ ಸೇರಿದ ಔಷಧ ಎಲ್ಲಿಗೆ ಹೋಗುತ್ತೆ?

ಸ್ವಲ್ಪ ನಾಲಿಗೆಗೆ ಹಚ್ಚಿ ನೋಡೋಣ ಅನ್ನೋರೂ ಇದಾರೆ, ದಯವಿಟ್ಟು ಬೇಡ. ಬಣ್ಣದೆಲೆಗೆ ಅಂತ ಕುಂಡದಲ್ಲಿ ಬೆಳೆಸೋ ಕೆಲಾಡಿಯಂ ಗಿಡದಲ್ಲಿ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಯಂಥ ಹರಳುಗಳಿರುತ್ವೆ, ಬಾಯಿ ಗಂಟಲು ಉರಿದು ಊದ್ಕೊಳುತ್ತೆ. ಡ್ಯಾಫೊಡಿಲ್ ಗೆಡ್ಡೆಯಂತೂ ಥೇಟ್ ಈರುಳ್ಳಿ, ಅದೂ ವಿಷವೇ.

ಗೆಡ್ಡೆ ಮಾರೋ ನರ್ಸರಿಯವರು ಹೂವಿನ ಫೋಟೊ ಜೊತೆ ಗಿಡದ ಸಸ್ಯಶಾಸ್ತ್ರೀಯ ಹೆಸರು, "ತಿನ್ನಬಾರದು" ಅನ್ನೋ ಒಂದು ಸಾಲು ಹಾಕೋದು ಕಡ್ಡಾಯ ಆಗ್ಬೇಕು. ಈ ಬಗ್ಗೆ ನಿಮ್ಮ ಪತ್ರಿಕೇಲಿ ಒಂದು ವರದಿ ಬಂದ್ರೆ ಉಪಕಾರ. ಯಾರಾದ್ರೂ ತಪ್ಪಿ ತಿಂದಿದ್ರೆ ವಾಂತಿ ಶುರುವಾಗ್ಲಿ ಅಂತ ಕಾಯ್ಬೇಡಿ, ಉಳಿದ ಗೆಡ್ಡೆ, ಸಿಪ್ಪೆ, ಸಾಧ್ಯವಾದ್ರೆ ಎಲೆ ಸಮೇತ ತಗೊಂಡು ನೇರ ಆಸ್ಪತ್ರೆಗೆ ಹೋಗಿ, ಡಾಕ್ಟರಿಗೆ ಅದೇ ಮೊದಲ ಸುಳಿವು.

ಇಂತಿ,
ನಿಮ್ಮ ಓದುಗಳು