ಬೀಳುವುದಕ್ಕೆ ಮುಂಚೆ

ಪ್ರೀತಿಯ ತಂಗಿ,

ನಿನ್ನ ಹಾಸ್ಯಕಥೆ ಓದಿದೆ. ಭಾಷೆ ಚೆನ್ನಾಗಿದೆ. ಆದರೆ ಬೀಗರು ಜಾರಿ ಬೀಳುವ ಜಾಗದಲ್ಲಿ ನನಗೆ ನಗು ಬರಲಿಲ್ಲ. ಅವರು ಬಿದ್ದ ಮೇಲೆ ನೆಲದಲ್ಲಿ ಪಾಯಸ ಚೆಲ್ಲಿತ್ತು ಅಂತ ಹೇಳಿದ್ದೀಯ. ಅದು ನನಗೆ ಮೊದಲೇ ಕಾಣಬೇಕಿತ್ತು.

1895ರಲ್ಲಿ ಫ್ರಾನ್ಸಿನ ಲೂಯಿ ಲ್ಯೂಮಿಯೇರ್ ತೆಗೆದ ಒಂದು ಮೂಕಿ ಚಿತ್ರವಿದೆ. ಒಂದು ನಿಮಿಷವೂ ಇಲ್ಲ. ತೋಟದವನು ಪೈಪು ಹಿಡಿದು ಗಿಡಗಳಿಗೆ ನೀರು ಬಿಡುತ್ತಿದ್ದಾನೆ. ಹಿಂದಿನಿಂದ ಬಂದ ಹುಡುಗ ಪೈಪನ್ನು ತುಳಿದು ನಿಲ್ಲುತ್ತಾನೆ. ನೀರು ಬಂದ್. ತೋಟದವನು ಪೈಪಿನ ಬಾಯಿಯನ್ನು ಮುಖದ ಹತ್ತಿರ ತಂದು ನೋಡುತ್ತಾನೆ. ಹುಡುಗನ ಕಾಲು ಎಲ್ಲಿದೆ ಅಂತ ನಮಗೆ ಗೊತ್ತು, ಅವನಿಗೆ ಗೊತ್ತಿಲ್ಲ. ನೀರು ಚಿಮ್ಮುವ ಮುಂಚೆಯೇ ನಮಗೆ ನಗು ಶುರುವಾಗಿರುತ್ತದೆ, ಅಲ್ವಾ?

ಬೀಗರು ಇನ್ನೂ ಶಲ್ಯ ಸರಿಮಾಡಿಕೊಂಡು ಬರುತ್ತಿರುವಾಗಲೇ ಪಾಯಸ ಚೆಲ್ಲಲಿ. ಆಮೇಲೆ ‘ಎಲ್ಲರೂ ಬಿದ್ದು ಬಿದ್ದು ನಕ್ಕರು’ ಅನ್ನುವ ಸಾಲು ತೆಗೆದುಬಿಡು. ನಗುವುದು ಓದುವವರ ಕೆಲಸ.

ಇದು ಕೈಗೆ ಹತ್ತಿದ ಮೇಲೆ ಅಮೆರಿಕದ ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ ನೋಡು. 1920ರ ಚಿತ್ರ, ಬರೀ ಎರಡು ರೀಲು. ಹೊಸ ಜೋಡಿಯೊಂದಕ್ಕೆ ಪೆಟ್ಟಿಗೆಗಳಲ್ಲಿ ಬಿಡಿಬಿಡಿಯಾಗಿ ಬಂದ ಮನೆ ಉಡುಗೊರೆ ಸಿಗುತ್ತದೆ. ಹೊಟ್ಟೆಕಿಚ್ಚಿನವನೊಬ್ಬ ಪೆಟ್ಟಿಗೆಗಳ ನಂಬರು ಬದಲಾಯಿಸುತ್ತಾನೆ. ಸೊಟ್ಟ ಮನೆ ಎದ್ದು ನಿಲ್ಲುತ್ತದೆ, ಬಿರುಗಾಳಿಗೆ ಬುಗುರಿಯ ಹಾಗೆ ಸುತ್ತುತ್ತದೆ. ಕೊನೆಗೆ, ಕಟ್ಟಿದ್ದು ಬೇರೆ ಸೈಟಿನಲ್ಲಿ ಅಂತ ತಿಳಿದು ಮನೆಯನ್ನೇ ಎಳೆದುಕೊಂಡು ಹೊರಡುತ್ತಾರೆ. ಅದು ರೈಲು ಹಳಿಯ ಮೇಲೆ ಸಿಕ್ಕಿಹಾಕಿಕೊಳ್ಳುತ್ತದೆ. ದೂರದಲ್ಲಿ ರೈಲು. ಎಷ್ಟು ತಳ್ಳಿದರೂ ಮನೆ ಅಲ್ಲಾಡುವುದಿಲ್ಲ. ರೈಲು ಬಂತು, ಪಕ್ಕದ ಹಳಿಯಲ್ಲಿ ಹಾದುಹೋಯಿತು! ಸದ್ಯ, ಉಳಿಯಿತು ಅನ್ನುವಷ್ಟರಲ್ಲಿ ಎದುರು ದಿಕ್ಕಿನಿಂದ ಇನ್ನೊಂದು ರೈಲು ಬಂದು ಮನೆಯನ್ನು ಪುಡಿಪುಡಿ ಮಾಡುತ್ತದೆ.

ಈ ಸಲ ಬೇಸ್ತು ಬೀಳುವವರು ನಾವು. ಮೊದಲನೇ ರೈಲಿನ ಮೇಲೇ ನಮ್ಮ ಕಣ್ಣೆಲ್ಲ ನೆಟ್ಟಿರುವಂತೆ ಮಾಡಿ, ಎರಡನೆಯದನ್ನು ಕೀಟನ್ ತಂದುಬಿಡುತ್ತಾನೆ. ಇದು ಸುಮ್ನೆ ಬೀಳುವುದಕ್ಕಿಂತ ಬಹಳ ಜಾಸ್ತಿ ಕಷ್ಟ. ಚಿತ್ರದಲ್ಲಿ ಗಂಡನೂ ಅವನೇ. ಮನೆ ಹೋಯಿತು ಅಂತ ಅಳುವುದಿಲ್ಲ, ಎದೆ ಬಡಿದುಕೊಳ್ಳುವುದಿಲ್ಲ. ಮುಖದಲ್ಲಿ ಒಂದು ಗೆರೆಯೂ ಬದಲಾಗದೆ, ಅವಶೇಷದ ಮುಂದೆ ‘ಮಾರಾಟಕ್ಕಿದೆ’ ಬೋರ್ಡು ನಿಲ್ಲಿಸಿ, ಮನೆ ಜೋಡಿಸುವ ಸೂಚನೆಯ ಹಾಳೆಯನ್ನೂ ಅದಕ್ಕೆ ಸಿಕ್ಕಿಸಿ, ಹೆಂಡತಿಯ ಜೊತೆ ಹೊರಟುಬಿಡುತ್ತಾನೆ. ನನಗೆ ಆ ಹಾಳೆ ತುಂಬಾ ಇಷ್ಟ. ಮುಂದೆ ಕೊಳ್ಳುವವನ ಮೇಲೂ ಅವನಿಗೆ ಅಕ್ಕರೆ!

ಸೌಂಡ್ ಪೂರ್ತಿ ಆಫ್ ಮಾಡಿ ನೋಡು. ಈಗ ಸೇರಿಸಿರುವ ಸಂಗೀತ ಎಲ್ಲಿ ನಗಬೇಕು ಅಂತ ಮೊದಲೇ ಹೇಳಿಕೊಡುತ್ತದೆ. ಆಮೇಲೆ ರೈಲಿನ ದೃಶ್ಯವೊಂದನ್ನೇ ನಿನ್ನ ಮಾತಿನಲ್ಲಿ ಬರಿ. ಕೈ ಏನು ಮಾಡಿತು, ಕಾಲು ಎಲ್ಲಿತ್ತು, ಅಷ್ಟೇ. ‘ತಮಾಷೆ’ ಅನ್ನುವ ಪದ ಬೇಡ. ಬರೆದು ಕಳಿಸು, ಓದುತ್ತೇನೆ.

ಪ್ರೀತಿಯಿಂದ,
ನಿನ್ನ ಅಣ್ಣ